ಹೆಸರು ಮತ್ತು ಪ್ರೇಮ: ಬೇಗೂರಿನ ವೀರಗಲ್ಲು, ತಮಿಳು ಅಗಂ ಕಾವ್ಯ ಮತ್ತು ಚಲನಚಿತ್ರ

ಬೆಂಗಳೂರಿನ ದಕ್ಷಿಣಕ್ಕೆ, ಎಲೆಕ್ಟ್ರಾನಿಕ್ ಸಿಟಿಯತ್ತ ಸಾಗುವ ಹೊಸೂರು ಹೆದ್ದಾರಿಗೆ ಸಮೀಪದಲ್ಲಿರುವ ಬೇಗೂರು ಶಾಸನಗಳಲ್ಲಿ ಬೆಂಪೂರು ಎನಿಸಿಕೊಂಡ ಪ್ರಾಚೀನ ಗ್ರಾಮ. ಬೆಂಗಳೂರೆಂಬ ಹೆಸರನ್ನು ಮೊದಲು ದಾಖಲಿಸಿದ ಗಂಗರ ಕಾಲದ ಶಾಸನದಿಂದಾಗಿ ಈ ಊರು ಪ್ರಸಿದ್ಧವಾಗಿದೆ. ಇಲ್ಲಿಯದೇ ಆದ, ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿರುವ ನಾಗತ್ತರನ ವೀರಗಲ್ಲು ಕಲಾದೃಷ್ಟಿಯಿಂದ ಇನ್ನೂ ಮಹತ್ವದ್ದು. ಗಂಗರ ಎರೆಯಪನು ಅಯ್ಯಪದೇವನಿಗೆ ನೆರವಾಗಲು ನಾಗತ್ತರನನ್ನು ಕಳುಹಿಸಿದ್ದು, ವೀರಮಹೇಂದ್ರನೊಡನೆ ತುಂಬೆಪಾಡಿಯಲ್ಲಿ ನಡೆದ ಕಾಳಗದಲ್ಲಿ ನಾಗತ್ತರನು ಮಡಿದದ್ದು, ಬಳಿಕ ಆ ಬಿರುದನ್ನು ಇರುಗನಿಗೆ ಕಟ್ಟಿ ಬೆಂಪೂರು ಹನ್ನೆರಡನ್ನು ಕೊಟ್ಟದ್ದು ಅದರ ವಿಷಯ. ಒಡೆಯ, ಎದುರಾಳಿ, ರಣಭೂಮಿ, ದತ್ತಿಯ ಗ್ರಾಮಗಳು, ಎಲ್ಲಕ್ಕೂ ಹೆಸರಿದೆ. ಮಡಿದವನನ್ನು ಪ್ರೀತಿಸಿದವರು ಮಾತ್ರ ಕಲ್ಲಿನಲ್ಲಿ ಇಲ್ಲ.

ಇದನ್ನು ಶಾಸನಕಾರನ ಮರೆವೆಂದು ತಿಳಿಯಬೇಕಾಗಿಲ್ಲ. ಈ ಮೌನವನ್ನು ವಿವರಿಸಲು ನೆರೆಯ ತಮಿಳಿನ ಕಾವ್ಯಶಾಸ್ತ್ರ ನೆರವಾಗುತ್ತದೆ. ಹೋಲಿಕೆ ಬಲವಂತದ್ದೂ ಅಲ್ಲ: ಬೇಗೂರಿನ ದೇವಾಲಯ ಸಮುಚ್ಚಯದಲ್ಲಿ ಚೋಳೇಶ್ವರನಿದ್ದಾನೆ, ಬಿ. ಎಲ್. ರೈಸ್ ೧೯೦೫ರಲ್ಲಿ ಪ್ರಕಟಿಸಿದ ಎಪಿಗ್ರಾಫಿಯಾ ಕರ್ನಾಟಿಕಾದ ಬೆಂಗಳೂರು ಜಿಲ್ಲಾ ಸಂಪುಟದಲ್ಲಿ ಕನ್ನಡದ ಜೊತೆಗೆ ತಮಿಳು ಶಾಸನಗಳೂ ಹೇರಳವಾಗಿವೆ.

ಸಂಗಂ ಸಾಹಿತ್ಯವು ಬದುಕನ್ನು ಅಗಂ, ಪುಱಂ ಎಂದು ಎರಡಾಗಿ ವಿಂಗಡಿಸುತ್ತದೆ. ಅಗಂ ಒಳಗಿನದು, ಪ್ರೇಮದ್ದು. ಪುಱಂ, ಕನ್ನಡದ 'ಪೊಱ' ಶಬ್ದದ ಸೋದರ, ಹೊರಗಿನದು, ಯುದ್ಧ, ದಾನ ಮತ್ತು ಕೀರ್ತಿಯದು. ಬೆಟ್ಟದ ಕುಱಿಂಜಿ ಮಿಲನಕ್ಕೆ, ಕಾಡಿನ ಮುಲ್ಲೈ ನಿರೀಕ್ಷೆಗೆ, ಗದ್ದೆಬಯಲಿನ ಮರುದಂ ಮುನಿಸಿಗೆ, ಕಡಲತೀರದ ನೆಯ್ದಲ್ ಹಂಬಲಕ್ಕೆ, ಬೆಂಗಾಡಿನ ಪಾಲೈ ಅಗಲಿಕೆಗೆ ಎಂಬ ಐದು ತಿಣೆಗಳ ವಿಂಗಡಣೆ ಕನ್ನಡದ ವಿದ್ವಾಂಸರಿಗೆ ಪರಿಚಿತವೇ. ಅಷ್ಟಾಗಿ ಚರ್ಚೆಗೆ ಬಾರದ ಇನ್ನೊಂದು ನಿಯಮವಿದೆ. ಈ ಐದು ತಿಣೆಗಳ ಪ್ರೇಮದಲ್ಲಿ ಯಾರೊಬ್ಬರ ಅಂಕಿತನಾಮವೂ ಬರಕೂಡದೆಂದು ತೊಲ್ಕಾಪ್ಪಿಯಂ ವಿಧಿಸುತ್ತದೆ. 'ಅವನು', 'ಅವಳು', 'ಗೆಳತಿ', 'ಸಾಕುತಾಯಿ' ಇವರಷ್ಟೇ ಅಲ್ಲಿಯ ಪಾತ್ರಗಳು.

ನಿಯಮದ ಬಿಗಿ ಅದರ ಅನ್ವಯದಲ್ಲಿ ಕಾಣುತ್ತದೆ. ನಕ್ಕಣ್ಣೈಯಾರ್ ಎಂಬ ಕವಯಿತ್ರಿ ಚೋಳ ಕುಲದ ಪೆರುನಱ್ಕಿಳ್ಳಿಯ ಮೇಲಣ ತನ್ನ ಒಲವನ್ನು ಹಾಡಿದ ಪದ್ಯಗಳು ಪುಱನಾನೂಱಿನಲ್ಲಿ (೮೩ರಿಂದ ೮೫) ಸೇರಿವೆ. ವಸ್ತು ಅಪ್ಪಟ ಪ್ರೇಮ. ಆದರೆ ಪ್ರಿಯನು ಇಂಥವನೆಂದು ಗುರುತಾದುದರಿಂದ ಅವು ಹೊರಗಿನ ಪಾಲಾದವು. ವಿರಹಿಣಿ ರಾಣಿಯನ್ನು ಚಿತ್ರಿಸುವ ನೆಡುನಲ್ವಾಡೈಯಲ್ಲಿ ಹೆಸರೇ ಇಲ್ಲ, ಪಾಂಡ್ಯರ ಲಾಂಛನವಾದ ಬೇವಿನ ಉಲ್ಲೇಖವಿದೆ. ಅಷ್ಟರಿಂದಲೇ ವ್ಯಾಖ್ಯಾನಕಾರರು ಅದನ್ನು ಪುಱಂ ಎಂದು ಎಣಿಸಿದರು. ಒಂದು ಎಲೆಯ ಗುರುತೂ ಪ್ರೇಮವನ್ನು ಮನೆಯಿಂದ ಬೀದಿಗೆ ತರಬಲ್ಲದೆಂಬ ಈ ಎಚ್ಚರ ವ್ಯಾಕರಣಕಾರರ ಅತಿಸೂಕ್ಷ್ಮತೆಯಲ್ಲ. ಅದರ ಹಿಂದೆ ಸಮಾಜದ ಅರಿವಿದೆ.

ವೀರಗಲ್ಲಿನ ಸ್ಥಾನ ಇಲ್ಲಿ ಸ್ಪಷ್ಟವಾಗುತ್ತದೆ. ತಮಿಳರ ನಡುಕಲ್ ತುಱುಗೊಳ್ಳುವ ವೆಟ್ಚಿ ತಿಣೆಗೆ ಸೇರಿದ್ದು. ಕಲ್ಲನ್ನು ಆರಿಸುವುದರಿಂದ ಹಿಡಿದು ನಟ್ಟು ಸ್ತುತಿಸುವವರೆಗಿನ ವಿಧಿಗಳನ್ನು ತೊಲ್ಕಾಪ್ಪಿಯಂ ಕ್ರಮವಾಗಿ ಹೇಳುತ್ತದೆ. ಅದೇ ಗ್ರಂಥ ವೆಟ್ಚಿಯನ್ನು ಕುಱಿಂಜಿಯ ಪುಱವೆಂದು ಕರೆದಿದೆ. ಎಂದರೆ ಪ್ರಣಯಿಗಳ ಗುಟ್ಟಿನ ಮಿಲನ ಮತ್ತು ವೀರನ ಕಲ್ಲು ಒಂದೇ ಹಾಳೆಯ ಎರಡು ಮೈಗಳು. ಬೇಗೂರಿನ ಕಲ್ಲು ತೋರಿಸುವುದು ಹೆಸರುಳ್ಳ ಮೈಯನ್ನು. ಕನ್ನಡದ ಮಾರ್ಗಕಾವ್ಯವಾದರೋ ಬೇರೆ ದಾರಿ ಹಿಡಿಯಿತು: ಪಂಪನು ೯೪೧ರ ಸುಮಾರಿನಲ್ಲಿ ಅರಿಕೇಸರಿಯನ್ನು ಅರ್ಜುನನೊಡನೆ ಸಮೀಕರಿಸಿದಾಗ ಕಾಳಗದೊಡನೆ ಶೃಂಗಾರವೂ ಹೆಸರುಳ್ಳ ಅರಸನದಾಯಿತು.

ಅಗಂ ಕಾವ್ಯವನ್ನು ಆಧುನಿಕ ಜಗತ್ತಿಗೆ ತಲುಪಿಸಿದವರು ಮೈಸೂರಿನಲ್ಲಿ ೧೯೨೯ರಲ್ಲಿ ಜನಿಸಿದ, ಕನ್ನಡದ ಕವಿಯೂ ಆದ ಎ. ಕೆ. ರಾಮಾನುಜನ್ ಎಂಬುದು ಗಮನಾರ್ಹ. ಯು. ವೇ. ಸ್ವಾಮಿನಾಥ ಅಯ್ಯರ್ ೧೯೩೭ರಲ್ಲಿ ಸಂಪಾದಿಸಿದ ಕುಱುಂತೊಗೈ ಅವರಿಗೆ ೧೯೬೨ರಲ್ಲಿ ಶಿಕಾಗೋದ ಗ್ರಂಥಾಲಯವೊಂದರ ನೆಲಮಾಳಿಗೆಯಲ್ಲಿ ದೊರೆಯಿತು. ೧೯೬೭ರಲ್ಲಿ 'ದಿ ಇಂಟೀರಿಯರ್ ಲ್ಯಾಂಡ್‌ಸ್ಕೇಪ್' ಹೊರಬಂದಿತು. ಆ ಸಂಕಲನದ ೪೦ನೆಯ ಪದ್ಯ ಕೆಂಪು ಮಣ್ಣಿಗೆ ಬಿದ್ದ ಮಳೆಯ ಉಪಮೆಗಾಗಿ ಖ್ಯಾತವಾಗಿದೆ. ಕವಿಯ ನಿಜನಾಮ ಉಳಿದಿಲ್ಲ. ಉಪಮೆಯಿಂದಲೇ ಆತನನ್ನು ಸೆಂಬುಲಪ್ಪೆಯನೀರಾರ್ ಎಂದು ಕರೆದರು.

ಈ ಪದ್ಯ ಚಲನಚಿತ್ರಕ್ಕೂ ಬಂದಿತು. 'ಪಲ್ಲವಿ ಅನುಪಲ್ಲವಿ' (೧೯೮೩) ಎಂಬ ಕನ್ನಡ ಚಿತ್ರದಿಂದ ನಿರ್ದೇಶನವನ್ನು ಆರಂಭಿಸಿದ ಮಣಿರತ್ನಂ ಅವರ 'ಇರುವರ್' (೧೯೯೭) ಚಿತ್ರದ ಯುಗಳಗೀತೆಯೊಂದರಲ್ಲಿ ವೈರಮುತ್ತು ಅದರ ನುಡಿಗಳನ್ನು ಬಳಸಿದರು. ಜೊತೆಗೆ ಪುಱನಾನೂಱಿನ ೧೧೨ನೆಯ ಪದ್ಯವನ್ನೂ ಬೆರೆಸಿದರು. ಅದು ಮೂವರು ಅರಸರ ಮುತ್ತಿಗೆಯಲ್ಲಿ ತಂದೆಯನ್ನೂ ಬೆಟ್ಟವನ್ನೂ ಕಳೆದುಕೊಂಡ ಪಾರಿಯ ಹೆಣ್ಣುಮಕ್ಕಳ ಶೋಕ. ಹಾಡಿನಲ್ಲಿ ಪಾರಿ ಮಾಯವಾಗಿ ಬೆಳುದಿಂಗಳು ಮಾತ್ರ ಉಳಿಯಿತು. ಪುಱಂ ಅಗಂ ಆಯಿತು. ಹಳೆಯ ನಿಯಮವೇ ಇಲ್ಲಿ ಹಿಮ್ಮುಖವಾಗಿ ಕೆಲಸ ಮಾಡಿದೆ.

ಹಾಡಿಗೆ ಸಾಧ್ಯವಾದದ್ದು ಕಥೆಗೆ ಸಾಧ್ಯವಿಲ್ಲ. ಚಿತ್ರಕಥೆಯಲ್ಲಿ ಪ್ರೇಮಿಗಳಿಗೆ ಹೆಸರು, ಊರು, ಕಸುಬು, ಜಾತಿ ಬೇಕೇ ಬೇಕು. ಅಗಂ ಕಾವ್ಯದಲ್ಲಿ ಪ್ರಿಯನೊಡನೆ ಹುಡುಗಿ ಹೊರಟುಹೋಗುವುದಕ್ಕೆ ಉಡನ್‌ಪೋಕ್ಕು ಎಂದು ಹೆಸರು. ಅದು ಪಾಲೈಗೆ ಸೇರಿದ್ದು. ಕಲಿತ್ತೊಗೈಯ ಪದ್ಯವೊಂದರಲ್ಲಿ ಹುಡುಕುತ್ತ ಬಂದ ತಾಯಿಗೆ ದಾರಿಹೋಕರು, ಮಲೆಯ ಗಂಧ ತೊಡುವವರಿಗಲ್ಲದೆ ಮಲೆಗೆ ಒದಗದೆಂಬ ಧಾಟಿಯಲ್ಲಿ ಸಮಾಧಾನ ಹೇಳಿ ಕಳುಹಿಸುತ್ತಾರೆ. ಬಾಲಾಜಿ ಶಕ್ತಿವೇಲ್ ಅವರ 'ಕಾದಲ್' (೨೦೦೪) ಇದೇ ಉಡನ್‌ಪೋಕ್ಕಿನ ಕಥೆ. ಮಧುರೆಯ ಮೆಕ್ಯಾನಿಕ್ ಹುಡುಗನೊಡನೆ ಶಾಲಾ ಬಾಲಕಿ ಚೆನ್ನೈಗೆ ಓಡಿಹೋಗುತ್ತಾಳೆ. ಆದರೆ ಇಲ್ಲಿ ಹುಡುಕಿ ಬಂದವರು ಸಮಾಧಾನಗೊಂಡು ಮರಳುವುದಿಲ್ಲ. ಉಪಾಯದಿಂದ ಇಬ್ಬರನ್ನೂ ಕರೆತರುತ್ತಾರೆ, ಹುಡುಗನು ಏಟುಗಳಿಂದ ಬುದ್ಧಿಭ್ರಮಣೆಗೆ ಒಳಗಾಗುತ್ತಾನೆ. ಎಸ್. ನಾರಾಯಣ್ ಇದನ್ನು ೨೦೦೭ರಲ್ಲಿ ಗಣೇಶ್ ಮತ್ತು ಅಮೂಲ್ಯ ಅವರ ಅಭಿನಯದಲ್ಲಿ 'ಚೆಲುವಿನ ಚಿತ್ತಾರ'ವಾಗಿ ಕನ್ನಡಕ್ಕೆ ತಂದರು. ಶೀರ್ಷಿಕೆ ಮೃದುವಾದರೂ ಕಥೆಗೆ ಕರ್ನಾಟಕದಲ್ಲಿ ದೊರೆತ ಸ್ವಾಗತ ದೊಡ್ಡದು; ಅದು ಕೇವಲ ಗಡಿಯಾಚೆಯ ಕಥೆಯೆಂದು ಪ್ರೇಕ್ಷಕರಿಗೆ ಅನ್ನಿಸಲಿಲ್ಲ.

ಅನ್ನಿಸದಿರಲು ಕಾರಣಗಳಿವೆ. ಬೇಗೂರಿನ ಸಮೀಪದಿಂದ ಸಾಗುವ ಹೆದ್ದಾರಿ ಮುಟ್ಟುವ ಹೊಸೂರು ಪ್ರದೇಶದ ಅಂತರ್ಜಾತಿ ದಂಪತಿಯ ಶವಗಳು ೨೦೧೮ರ ನವೆಂಬರಿನಲ್ಲಿ ಮಂಡ್ಯ ಜಿಲ್ಲೆಯ ಕಾವೇರಿಯಲ್ಲಿ ದೊರೆತವು. ಕೊಲೆಯ ಆರೋಪ ಬಂದದ್ದು ಹುಡುಗಿಯ ಮನೆಯವರ ಮೇಲೆ. ಇಂಥ ಕೃತ್ಯಗಳನ್ನು ತಡೆಯಲು ಶಕ್ತಿ ವಾಹಿನಿ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ರಾಜ್ಯಗಳಿಗೆ ನಿರ್ದೇಶನ ನೀಡಿದ್ದು ಅದೇ ವರ್ಷದ ಮಾರ್ಚಿಯಲ್ಲಿ. ಪ್ರೌಢ ವಯಸ್ಕರಿಬ್ಬರು ಪರಸ್ಪರ ಒಪ್ಪಿ ಮದುವೆಯಾಗಲು ಕುಟುಂಬದ ಅಥವಾ ಕುಲದ ಸಮ್ಮತಿ ಅಗತ್ಯವಿಲ್ಲವೆಂಬುದು ಆ ತೀರ್ಪಿನ ತಿರುಳು.