ತೆರವಾದ ಪರಿಷತ್ ಸ್ಥಾನ: ಉಪಚುನಾವಣೆ ಮತ್ತು ನಮ್ಮ ವಹಿವಾಟು

ಉಪಚುನಾವಣೆ ಎಂದೊಡನೆ ಊರಿಗೆ ಊರೇ ಸಾಲುಗಟ್ಟಿ ನಿಲ್ಲುವ ಮತಗಟ್ಟೆಯ ಚಿತ್ರ ಕಣ್ಮುಂದೆ ಬರುವುದು ಸಹಜ. 2012ರ ಮಾರ್ಚ್ ತಿಂಗಳಿನಲ್ಲಿ ನೆರೆಯ ಉಡುಪಿ-ಚಿಕ್ಕಮಗಳೂರು ಲೋಕಸಭಾ ಕ್ಷೇತ್ರದಲ್ಲಿ ನಡೆದುದು ಅಂತಹದೇ ಚುನಾವಣೆ. ಶ್ರೀ ಡಿ.ವಿ. ಸದಾನಂದ ಗೌಡರು ಮುಖ್ಯಮಂತ್ರಿಯಾದ ಕಾರಣ ತೆರವಾದ ಆ ಸ್ಥಾನಕ್ಕೆ ಶ್ರೀ ಕೆ. ಜಯಪ್ರಕಾಶ ಹೆಗ್ಡೆಯವರು ಆಯ್ಕೆಯಾದರು. ಆದರೆ 2024ರ ಅಕ್ಟೋಬರ್ 21ರಂದು ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಗಳಲ್ಲಿ ನಡೆದ ಮತದಾನ ಬೇರೆ ಬಗೆಯದು. ಅಂದು ನಮ್ಮ ಅಂಗಡಿಗಳು ಎಂದಿನಂತೆ ತೆರೆದಿದ್ದವು. ಬಹುತೇಕ ವರ್ತಕರಿಗೆ ಮತವೇ ಇರಲಿಲ್ಲ. ಹಾಗಿದ್ದರೂ ಅದರ ನೀತಿ ಸಂಹಿತೆ ಮಾತ್ರ ಎರಡು ಜಿಲ್ಲೆಗಳಿಗೂ ಅನ್ವಯಿಸಿತ್ತು.

ಹಿನ್ನೆಲೆ ಹೀಗಿದೆ. ವಿಧಾನ ಪರಿಷತ್ತಿನಲ್ಲಿ ವಿರೋಧ ಪಕ್ಷದ ನಾಯಕರಾಗಿದ್ದ ಶ್ರೀ ಕೋಟ ಶ್ರೀನಿವಾಸ ಪೂಜಾರಿಯವರು 2024ರ ಜೂನ್‌ನಲ್ಲಿ ಉಡುಪಿ-ಚಿಕ್ಕಮಗಳೂರು ಕ್ಷೇತ್ರದಿಂದ ಲೋಕಸಭೆಗೆ ಚುನಾಯಿತರಾದರು. ರಾಜ್ಯದ ಶಾಸನಸಭೆ ಮತ್ತು ಸಂಸತ್ತು ಎರಡರಲ್ಲಿಯೂ ಏಕಕಾಲಕ್ಕೆ ಸದಸ್ಯರಾಗಿರಲು ಅವಕಾಶವಿಲ್ಲ. ಹದಿನಾಲ್ಕು ದಿನಗಳೊಳಗೆ ರಾಜ್ಯದ ಸ್ಥಾನಕ್ಕೆ ರಾಜೀನಾಮೆ ನೀಡದಿದ್ದಲ್ಲಿ ಸಂಸತ್ತಿನ ಸ್ಥಾನವೇ ತೆರವಾಗುತ್ತದೆ. ಆದುದರಿಂದ ಅವರು ಪರಿಷತ್ ಸ್ಥಾನವನ್ನು ತ್ಯಜಿಸಿದರು. ಹೀಗೆ ತೆರವಾದ ಸ್ಥಾನವನ್ನು ಆರು ತಿಂಗಳೊಳಗೆ ತುಂಬಬೇಕೆಂದು ಪ್ರಜಾ ಪ್ರಾತಿನಿಧ್ಯ ಕಾಯಿದೆ, 1951ರ 151-ಎ ಪ್ರಕರಣ ವಿಧಿಸುತ್ತದೆ. ಉಳಿದಿರುವ ಅವಧಿ ಒಂದು ವರ್ಷಕ್ಕಿಂತ ಕಡಿಮೆಯಿದ್ದರೆ ಈ ನಿಯಮದಿಂದ ವಿನಾಯಿತಿ ಉಂಟು. ಇಲ್ಲಿ ಮೂರು ವರ್ಷಕ್ಕೂ ಮಿಕ್ಕಿ ಅವಧಿ ಬಾಕಿಯಿತ್ತು.

ಮತದಾರರು ಯಾರು? 75 ಸದಸ್ಯರ ನಮ್ಮ ವಿಧಾನ ಪರಿಷತ್ತಿನಲ್ಲಿ 25 ಮಂದಿ ಸ್ಥಳೀಯ ಸಂಸ್ಥೆಗಳ ಕ್ಷೇತ್ರಗಳಿಂದ ಬರುವವರು. ದಕ್ಷಿಣ ಕನ್ನಡ ಮತ್ತು ಉಡುಪಿ ಜಿಲ್ಲೆಗಳು ಸೇರಿ ಇಂತಹ ಒಂದು ಕ್ಷೇತ್ರ, ಸ್ಥಾನಗಳು ಎರಡು. ಬಂಟ್ವಾಳ ಮತ್ತು ಮೂಡುಬಿದಿರೆ ಪುರಸಭೆಗಳ ಸದಸ್ಯರು, ಬೆಳ್ತಂಗಡಿ ಪಟ್ಟಣ ಪಂಚಾಯತ್ ಸದಸ್ಯರು ಹಾಗೂ ಎಲ್ಲಕ್ಕಿಂತ ಹೆಚ್ಚಿನ ಸಂಖ್ಯೆಯಲ್ಲಿ ಗ್ರಾಮ ಪಂಚಾಯತ್ ಸದಸ್ಯರು ಇದರ ಮತದಾರರು. ಜಿಲ್ಲಾ ಮತ್ತು ತಾಲೂಕು ಪಂಚಾಯತ್‌ಗಳ ಸದಸ್ಯರಿಗೂ ಮತದ ಹಕ್ಕುಂಟು. ಆದರೆ 2016ರಲ್ಲಿ ಆಯ್ಕೆಯಾದ ಆ ಸಂಸ್ಥೆಗಳ ಅವಧಿ 2021ರಲ್ಲಿಯೇ ಮುಗಿದು ಹೊಸ ಚುನಾವಣೆ ನಡೆಯದೇ ಇದ್ದುದರಿಂದ, 2021ರ ಡಿಸೆಂಬರ್‌ನ ಚುನಾವಣೆಯಲ್ಲಿಯೂ 2024ರ ಉಪಚುನಾವಣೆಯಲ್ಲಿಯೂ ಅವರ ಹೆಸರುಗಳು ಪಟ್ಟಿಯಲ್ಲಿರಲಿಲ್ಲ. ಮೇಲ್ಮನೆಗೆ ಪ್ರತಿನಿಧಿಯನ್ನು ಕಳುಹಿಸಲು ಕಾಯಿದೆ ತೋರಿದ ತ್ವರೆ, ಕೆಳಗಿನ ಎರಡು ಹಂತದ ಪಂಚಾಯತ್‌ಗಳ ವಿಷಯದಲ್ಲಿ ಕಾಣಲಿಲ್ಲವೆಂಬುದನ್ನು ಇಲ್ಲಿ ಹೇಳದಿರಲಾಗದು.

ಇನ್ನು ಫಲಿತಾಂಶ. ಅಕ್ಟೋಬರ್ 24ರಂದು ನಡೆದ ಎಣಿಕೆಯಲ್ಲಿ ಭಾರತೀಯ ಜನತಾ ಪಕ್ಷದ ಶ್ರೀ ಕಿಶೋರ್ ಕುಮಾರ್ ಪುತ್ತೂರು ಅವರು 3,655 ಮತಗಳನ್ನೂ ಕಾಂಗ್ರೆಸ್ಸಿನ ಶ್ರೀ ರಾಜು ಪೂಜಾರಿಯವರು 1,958 ಮತಗಳನ್ನೂ ಪಡೆದರು. 2021ರ ಡಿಸೆಂಬರ್‌ನಲ್ಲಿ ಇದೇ ಕ್ಷೇತ್ರದಲ್ಲಿ ಶ್ರೀ ಕೋಟ ಶ್ರೀನಿವಾಸ ಪೂಜಾರಿಯವರಿಗೆ 3,672, ಕಾಂಗ್ರೆಸ್ಸಿನ ಶ್ರೀ ಮಂಜುನಾಥ ಭಂಡಾರಿಯವರಿಗೆ 2,079 ಮತಗಳು ಬಂದಿದ್ದವು. ಎರಡೂ ಬಾರಿ ಪಕ್ಷಗಳ ಬಲ ಹೆಚ್ಚು ಕಡಿಮೆ ಅಷ್ಟೇ. ಆದರೂ ಮೊದಲ ಬಾರಿ ಎರಡೂ ಪಕ್ಷಗಳು ಗೆದ್ದವು. ಎರಡನೆಯ ಬಾರಿ ಒಂದೇ ಪಕ್ಷ ಗೆದ್ದಿತು. ಇದರ ಗುಟ್ಟು ಪ್ರಾಶಸ್ತ್ಯ ಮತದ ಲೆಕ್ಕದಲ್ಲಿದೆ.

ಪರಿಷತ್ ಚುನಾವಣೆಯಲ್ಲಿ ಮತಯಂತ್ರವಿಲ್ಲ. ಮತಪತ್ರದಲ್ಲಿ ಅಭ್ಯರ್ಥಿಗಳ ಹೆಸರಿನ ಮುಂದೆ, ಅಧಿಕಾರಿ ಕೊಟ್ಟ ನೇರಳೆ ಬಣ್ಣದ ಸ್ಕೆಚ್ ಪೆನ್ನಿನಿಂದಲೇ 1, 2, 3 ಎಂದು ಅಂಕಿ ಬರೆಯಬೇಕು. ಮೊದಲನೆಯ ಪ್ರಾಶಸ್ತ್ಯ ಕಡ್ಡಾಯ, ಉಳಿದವು ಐಚ್ಛಿಕ. 'ಸರಿ' ಗುರುತು ಹಾಕಿದರೆ ಅಥವಾ 'ಒಂದು' ಎಂದು ಅಕ್ಷರದಲ್ಲಿ ಬರೆದರೆ ಮತ ತಿರಸ್ಕೃತವಾಗುತ್ತದೆ. ಗೆಲ್ಲಲು ಬೇಕಾದ ಕನಿಷ್ಠ ಮತವನ್ನು ಕಂಡುಹಿಡಿಯುವ ಕ್ರಮ ಹೀಗೆ: ಸಿಂಧುವಾದ ಮತಗಳನ್ನು, ತುಂಬಬೇಕಾದ ಸ್ಥಾನಗಳಿಗಿಂತ ಒಂದು ಹೆಚ್ಚಿನ ಸಂಖ್ಯೆಯಿಂದ ಭಾಗಿಸಿ ಬಂದ ಭಾಗಲಬ್ಧಕ್ಕೆ ಒಂದನ್ನು ಕೂಡಿಸುವುದು. ಎರಡು ಸ್ಥಾನಗಳಿದ್ದಾಗ ಭಾಜಕ ಮೂರು. ಅಂದರೆ ಸುಮಾರು ಎರಡು ಸಾವಿರ ಮತ ಗಳಿಸಿದವರು ಗೆದ್ದರು. ಉಪಚುನಾವಣೆಯಲ್ಲಿ ಸ್ಥಾನ ಒಂದೇ ಆದುದರಿಂದ ಭಾಜಕ ಎರಡು. ಅಗತ್ಯ ಮತ ಸುಮಾರು 2,900ಕ್ಕೆ ಏರಿತು. ಮೂರನೆಯ ಒಂದರಷ್ಟು ಬಲವಿರುವ ಪಕ್ಷಕ್ಕೆ ಸಾಮಾನ್ಯ ಚುನಾವಣೆಯಲ್ಲಿ ಸಿಗುವ ಪಾಲು ಉಪಚುನಾವಣೆಯಲ್ಲಿ ಸಿಗುವುದಿಲ್ಲ. ಪಾಲುದಾರಿಕೆ ಸಂಸ್ಥೆಯ ಲೆಕ್ಕ ಬಲ್ಲ ನಮ್ಮ ಓದುಗರಿಗೆ ಇದನ್ನು ಇನ್ನೂ ಬಿಡಿಸಿ ಹೇಳಬೇಕಿಲ್ಲ.

ವರ್ತಕರಿಗೆ ನೇರವಾಗಿ ತಟ್ಟುವುದು ಮಾದರಿ ನೀತಿ ಸಂಹಿತೆ. ಕರಾವಳಿಯಲ್ಲಿ ಮಳೆಗಾಲ ಮುಗಿದು ರಸ್ತೆ, ಮೋರಿ, ಕಟ್ಟಡಗಳ ಕೆಲಸ ಆರಂಭವಾಗುವುದು ಸೆಪ್ಟೆಂಬರ್ ಕೊನೆ, ಅಕ್ಟೋಬರ್‌ನಲ್ಲಿ. 2024ರಲ್ಲಿ ಸಂಹಿತೆ ಜಾರಿಯಲ್ಲಿದ್ದುದೂ ಅದೇ ವಾರಗಳಲ್ಲಿ, ದಸರಾ-ದೀಪಾವಳಿಗಳ ನಡುವೆ. ಸಂಹಿತೆಯಡಿ ಹೊಸ ಕಾಮಗಾರಿಯನ್ನು ಘೋಷಿಸುವಂತಿಲ್ಲ, ಆರಂಭಿಸುವಂತಿಲ್ಲ. ಕಾರ್ಯಾದೇಶ ಸಿಕ್ಕಿದ್ದರೂ ಸ್ಥಳದಲ್ಲಿ ಕೆಲಸ ಶುರುವಾಗದಿದ್ದರೆ ಅದು ಕಾಯಬೇಕು. ಆದರೆ ಈಗಾಗಲೇ ನಡೆಯುತ್ತಿರುವ ಕಾಮಗಾರಿಗೆ ಅಡ್ಡಿಯಿಲ್ಲ. ಮುಖ್ಯವಾದ ಮಾತೆಂದರೆ, ಪೂರ್ಣಗೊಂಡ ಕೆಲಸದ ಬಿಲ್ಲನ್ನು, ಕೆಲಸ ತೃಪ್ತಿಕರವೆಂದು ಅಧಿಕಾರಿಗಳಿಗೆ ಮನವರಿಕೆಯಾದಲ್ಲಿ, ಪಾವತಿಸಲು ಸಂಹಿತೆ ಅಡ್ಡಬರುವುದಿಲ್ಲ. ಸಿಮೆಂಟು, ಜಲ್ಲಿ, ಪೈಪು ಪೂರೈಸಿದ ನಮ್ಮ ಸದಸ್ಯರು 'ಚುನಾವಣೆ ಮುಗಿಯಲಿ' ಎಂಬ ಉತ್ತರ ಕೇಳಿ ಹಿಂದಿರುಗುವ ಮೊದಲು ಚುನಾವಣಾ ಆಯೋಗದ ಈ ಸೂಚನೆಯನ್ನು ಲಿಖಿತವಾಗಿ ನೆನಪಿಸುವುದು ಒಳ್ಳೆಯದು.

ನಗದಿನ ವಿಷಯವನ್ನೂ ಹೇಳಬೇಕು. ಅಡಿಕೆ, ಗೇರುಬೀಜ, ಕಾಳುಮೆಣಸಿನ ಖರೀದಿಯಲ್ಲಿ ಇಂದಿಗೂ ನಗದು ಓಡಾಡುತ್ತದೆ. ಆಯೋಗದ ಕಾರ್ಯವಿಧಾನದಲ್ಲಿರುವ ಐವತ್ತು ಸಾವಿರ ರೂಪಾಯಿಗಳ ಮಿತಿ ಅಭ್ಯರ್ಥಿ, ಅವರ ಏಜೆಂಟ್ ಅಥವಾ ಪಕ್ಷದ ಕಾರ್ಯಕರ್ತರಿರುವ ವಾಹನವನ್ನು ಕುರಿತದ್ದು. ವರ್ತಕನ ಹಣವನ್ನು ಆ ಮಿತಿ ಮೀರಿದೆ ಎಂಬ ಒಂದೇ ಕಾರಣಕ್ಕೆ ಅಪರಾಧದ ಹಣವೆಂದು ಕಾಣುವಂತಿಲ್ಲ. ಹತ್ತು ಲಕ್ಷ ರೂಪಾಯಿಗಳಿಗೆ ಮೀರಿದ ನಗದು ಕಂಡರೆ ಆದಾಯ ತೆರಿಗೆ ಇಲಾಖೆಗೆ ತಿಳಿಸಲಾಗುತ್ತದೆ. ಆದರೂ ತಪಾಸಣಾ ಠಾಣೆಯಲ್ಲಿ ನಿಂತು ಕಾನೂನು ವಾದಿಸುವುದಕ್ಕಿಂತ ಬ್ಯಾಂಕಿನಿಂದ ಹಣ ತೆಗೆದ ದಾಖಲೆ, ನಗದು ಪುಸ್ತಕದ ಪ್ರತಿ, ಹಿಂದಿನ ಖರೀದಿ ಚೀಟಿಗಳನ್ನು ಚಾಲಕನ ಬಳಿ ಇಟ್ಟಿರುವುದು ಸುಲಭ. ಹಣ ವಶವಾದರೆ ರಸೀದಿ ಪಡೆಯಬೇಕು. ಇಂತಹ ಪ್ರಕರಣಗಳನ್ನು ಪರಿಶೀಲಿಸಲು ಜಿಲ್ಲೆಯಲ್ಲಿ ಮೂವರು ಅಧಿಕಾರಿಗಳ ಸಮಿತಿಯಿರುತ್ತದೆ. ಅಭ್ಯರ್ಥಿ ಅಥವಾ ಪಕ್ಷದ ಸಂಬಂಧ ಕಾಣದಿದ್ದರೆ, ಮೊಕದ್ದಮೆಯೂ ದಾಖಲಾಗದಿದ್ದರೆ, ಕಾರಣ ಸಹಿತ ಆದೇಶ ಮಾಡಿ ಹಣ ಬಿಡುಗಡೆ ಮಾಡಬೇಕು. ಮತದಾನದ ನಂತರ ಏಳು ದಿನಗಳಿಗಿಂತ ಹೆಚ್ಚು ಕಾಲ ಬಾಕಿಯಿಡಬಾರದು.

ವೇತನ ಸಹಿತ ರಜೆಯ ಬಗ್ಗೆ ಕೆಲವು ಕಾರ್ಖಾನೆದಾರರಲ್ಲಿ ಗೊಂದಲವಿದೆ. ಲೋಕಸಭೆ ಅಥವಾ ವಿಧಾನಸಭೆಗೆ ಮತದಾನವಿದ್ದಾಗ, ಉಪಚುನಾವಣೆಯೇ ಆದರೂ, ಮತದಾರ ನೌಕರನಿಗೆ ರಜೆ ನೀಡಿ ವೇತನ ಕೊಡಬೇಕೆಂದು 135-ಬಿ ಪ್ರಕರಣ ಹೇಳುತ್ತದೆ. ತಪ್ಪಿದರೆ ಐನೂರು ರೂಪಾಯಿಗಳವರೆಗೆ ದಂಡ. ಈ ಪ್ರಕರಣದಲ್ಲಿ ವಿಧಾನ ಪರಿಷತ್ತಿನ ಹೆಸರಿಲ್ಲ. ಆದರೆ ನಿಮ್ಮ ಕೆಲಸಗಾರರಲ್ಲಿ ಒಬ್ಬಿಬ್ಬರು ಪಂಚಾಯತ್ ಸದಸ್ಯರಿದ್ದರೆ ಅವರಿಗೆ ಮತಗಟ್ಟೆಗೆ ಹೋಗಿ ಬರಲು ಬಿಡುವು ಕೊಡುವುದು ಮರ್ಯಾದೆಯ ಮಾತು. ಮದ್ಯ ಮಾರಾಟ ನಿಷೇಧದ 135-ಸಿ ಪ್ರಕರಣವಾದರೋ 'ಯಾವುದೇ ಚುನಾವಣೆ'ಗೆ ಅನ್ವಯಿಸುವಂಥದ್ದು. ಮತದಾನ ಮುಗಿಯುವ ವೇಳೆಗೆ ಕೊನೆಗೊಳ್ಳುವ 48 ಗಂಟೆಗಳ ಕಾಲ ಮತದಾನ ಪ್ರದೇಶದ ಹೋಟೆಲುಗಳಿಗೂ ಅಂಗಡಿಗಳಿಗೂ ಅದು ಬಾಧಕ.

ಉಪಚುನಾವಣೆಯಲ್ಲಿ ಗೆದ್ದವರಿಗೆ ಹೊಸದಾಗಿ ಆರು ವರ್ಷ ದೊರೆಯುವುದಿಲ್ಲ. ಹಿಂದಿನ ಸದಸ್ಯರ ಉಳಿದ ಅವಧಿಯಷ್ಟೇ. ಈ ಕ್ಷೇತ್ರದ ಎರಡೂ ಸ್ಥಾನಗಳ ಅವಧಿ 2028ರ ಜನವರಿಯಲ್ಲಿ ಒಟ್ಟಿಗೆ ಮುಗಿಯುತ್ತದೆ. ಆಗ ಭಾಜಕ ಮತ್ತೆ ಮೂರಾಗುತ್ತದೆ. ಪರಿಷತ್ ಸದಸ್ಯರಿಗೂ ಶಾಸಕರಂತೆಯೇ ಸ್ಥಳೀಯ ಪ್ರದೇಶಾಭಿವೃದ್ಧಿ ನಿಧಿಯಿದೆ. ಮಾರುಕಟ್ಟೆಯ ರಸ್ತೆ, ಕೈಗಾರಿಕಾ ಪ್ರದೇಶದ ಚರಂಡಿಯಂತಹ ಬೇಡಿಕೆಗಳಿರುವ ಸದಸ್ಯರು ತಮ್ಮ ಮನವಿಯನ್ನು ವಿಧಾನಸಭಾ ಸದಸ್ಯರಿಗೆ ಮಾತ್ರವಲ್ಲದೆ ಈ ಇಬ್ಬರು ಪ್ರತಿನಿಧಿಗಳಿಗೂ, ಪಂಚಾಯತ್ ಅಥವಾ ಪುರಸಭೆಯ ನಿರ್ಣಯದ ಪ್ರತಿಯೊಡನೆ ಕಳುಹಿಸಬಹುದು.