ಚಂದಲೆಯಿಂದ ಚಂದಮ್ಮನವರೆಗೆ

ಚಿತ್ತಾಪುರ, ಸೇಡಂ, ಶಹಾಬಾದ ಸೀಮೆಯ ಹಳ್ಳಿಗಳಲ್ಲಿ ಚಂದಮ್ಮ ಎಂಬ ಹೆಸರು ಅಪರೂಪವಲ್ಲ. ಅಜ್ಜಿಯರಲ್ಲಿ ಹೆಚ್ಚು, ತಾಯಂದಿರಲ್ಲಿ ಕಡಿಮೆ, ಕಾಲೇಜಿಗೆ ಬರುವ ಹುಡುಗಿಯರಲ್ಲಿ ಮತ್ತೂ ಕಡಿಮೆ. ಹಾಜರಿ ಪುಸ್ತಕಕ್ಕೆ ಬರುವಾಗ ಈ ಹೆಸರು ಚಂದ್ರಕಲಾ ಎಂದೋ ಚಂದ್ರಿಕಾ ಎಂದೋ ವೇಷ ಬದಲಿಸಿಕೊಂಡು ಬರುತ್ತದೆ. ಮನೆಯಲ್ಲಿ ಮಾತ್ರ ಚಂದಮ್ಮನಾಗಿಯೇ ಉಳಿಯುತ್ತದೆ. ಬರೆದುಕೊಳ್ಳುವವರ ಮನಸ್ಸಿನಲ್ಲಿರುವ ಎಣಿಕೆ ಸ್ಪಷ್ಟವಾಗಿದೆ: ಚಂದ್ರ ಎಂಬುದು ಶುದ್ಧ, ಚಂದ ಎಂಬುದು ನಾಲಗೆ ತಿರುಗದವರು ಕೆಡಿಸಿಕೊಂಡದ್ದು. ಈ ಎಣಿಕೆ ತಲೆಕೆಳಗಾದುದು ಎಂದು ನನ್ನ ವಾದ. ನಮ್ಮ ಸೀಮೆಯ ಮಟ್ಟಿಗೆ, ಹೆಂಗಸರ ಹೆಸರಿನಲ್ಲಿ ಚಂದವೇ ಹಳೆಯ ಮನೆತನದ ರೂಪ. 'ರ'ಕಾರ ಎಷ್ಟೋ ಕಡೆ ಪಂಡಿತರು ಹಿಂದಿನಿಂದ ತಂದು ಸೇರಿಸಿದ್ದು.

ಈ ಮಾತಿಗೆ ಸಾಕ್ಷಿಯಾಗಿ ಮೊದಲು ಸನ್ನತಿಗೆ ಹೋಗಬೇಕು. ಚಿತ್ತಾಪುರ ತಾಲ್ಲೂಕಿನಲ್ಲಿ ಭೀಮೆಯ ದಂಡೆಯ ಮೇಲಿರುವ ಈ ಊರಿನ ದೇವತೆ ಚಂದ್ರಲಾಂಬಾ. ಚಂದ್ರಲಾ ಪರಮೇಶ್ವರಿ ಎಂದೂ ಕರೆಯುತ್ತಾರೆ. ಕರ್ನಾಟಕದಲ್ಲಿ ಮಾತ್ರವಲ್ಲದೆ ಮಹಾರಾಷ್ಟ್ರ, ತೆಲಂಗಾಣಗಳಲ್ಲಿಯೂ ಈಕೆಯನ್ನು ಮನೆದೇವರೆಂದು ನಂಬಿದ ಕುಟುಂಬಗಳಿವೆ. ಆ ಮನೆಗಳಲ್ಲಿ ಹೆಣ್ಣು ಹುಟ್ಟಿದರೆ ದೇವಿಯ ಹೆಸರಿನ ಯಾವುದಾದರೊಂದು ರೂಪವನ್ನು ಇಡುವುದು ಸಹಜ.

ಸ್ಥಳಪುರಾಣ ಈ ಹೆಸರಿಗೆ ಒಂದು ಕಥೆಯನ್ನೇ ಕಟ್ಟಿದೆ. ನಾರಾಯಣ ಮುನಿಯ ಹೆಂಡತಿ ಚಂದ್ರವದನೆ. ಸೇತುರಾಜನೆಂಬ ಅರಸ ಆಕೆಯನ್ನು ಕದ್ದೊಯ್ದ. ಮುನಿಯು ಹಿಂಗುಲಾಂಬಿಕೆಯನ್ನು ಮೆಚ್ಚಿಸಿ ತನ್ನೊಡನೆ ಬರುವಂತೆ ಬೇಡಿದ. ಹಿಂಗುಲಾಂಬಿಕೆಯ ಮೂಲಸ್ಥಾನ ಇಂದು ಪಾಕಿಸ್ತಾನದ ಬಲೂಚಿಸ್ತಾನದಲ್ಲಿದೆ. ಅಷ್ಟು ದೂರದಿಂದ ದೇವಿ ಮುನಿಯ ಹಿಂದೆ ಗೆಜ್ಜೆಯ ದನಿ ಮಾಡುತ್ತ ನಡೆದು ಬಂದಳು, ತಿರುಗಿ ನೋಡಬಾರದೆಂದು ಕರಾರು. ಕಾಗಿಣೆಯು ಭೀಮೆಯನ್ನು ಕೂಡುವ ಹೊನಗುಂಟಿಯ ಬಳಿ ಗೆಜ್ಜೆಯ ಸದ್ದು ನಿಂತಿತು, ಮುನಿ ತಿರುಗಿದ, ದೇವಿ ಅಲ್ಲಿಯೇ ನಿಂತುಬಿಟ್ಟಳು. ಮುಂದೆ ಸನ್ನತಿಯಲ್ಲಿ ದೇವಿಯ ಪಾದುಕೆಗಳಿಂದ ಭ್ರಮರಗಳು ಎದ್ದು ಅರಸನ ಸೈನ್ಯವನ್ನು ಮುತ್ತಿ ಅಟ್ಟಿದವು, ಚಂದ್ರವದನೆ ಪಾರಾದಳು. ಆಕೆಯ ಹೆಸರನ್ನೇ ದೇವಿ ತನ್ನ ಹೆಸರಾಗಿ ಪಡೆದಳು ಎಂಬುದು ಕಥೆಯ ತಾತ್ಪರ್ಯ. ಅಪಹೃತಳಾದ ಹೆಣ್ಣೊಬ್ಬಳ ಹೆಸರನ್ನು ಕಾಪಾಡಲು ಬಂದ ದೇವತೆಯೇ ಧರಿಸಿದಳೆಂಬ ಕಲ್ಪನೆ ನಮ್ಮ ಪುರಾಣಗಳಲ್ಲಿ ಹೆಚ್ಚಾಗಿ ಕಾಣುವಂಥದಲ್ಲ. ಈ ಕಥೆಯನ್ನು ನಾನು ಬಹಳ ಮೆಚ್ಚುತ್ತೇನೆ.

ಆದರೆ ವ್ಯಾಕರಣಕ್ಕೆ ಬೇರೆಯ ದಾರಿ. ಚಂದ್ರವದನೆಯಿಂದ ಚಂದ್ರಲೆ ಹುಟ್ಟುವುದು ಸುಲಭವಲ್ಲ. 'ಲ'ಕಾರ ಎಲ್ಲಿಂದ ಬಂತೆಂದು ಕೇಳಲೇಬೇಕಾಗುತ್ತದೆ. ಉದ್ದನೆಯ ಹೆಸರನ್ನು ಅಕ್ಕರೆಯಿಂದ ಮೊಟಕುಮಾಡಿ 'ಇಲ', 'ಲ' ಎಂಬ ಪ್ರತ್ಯಯಗಳನ್ನು ಹಚ್ಚುವ ರೂಢಿ ಬಹು ಹಳೆಯದು. ದೇವದತ್ತನು ದೇವಿಲನಾಗುವುದನ್ನೂ ಭಾನುದತ್ತನು ಭಾನುಲನಾಗುವುದನ್ನೂ ಪಾಣಿನೀಯ ಪರಂಪರೆಯ ವೈಯಾಕರಣರು ಬಲ್ಲರು. ಕನ್ನಡನಾಡಿನ ಅರಮನೆಗಳಲ್ಲಿ ಇಂಥದೇ 'ಲ'ಕಾರ ಹನ್ನೊಂದು ಹನ್ನೆರಡನೆಯ ಶತಮಾನಗಳಲ್ಲಿ ಹೆಣ್ಣುಹೆಸರುಗಳ ಮುದ್ರೆಯೇ ಆಗಿಹೋಯಿತು. ಒಂದನೆಯ ಸೋಮೇಶ್ವರನ ರಾಣಿಯರಲ್ಲಿ ಮೈಳಲದೇವಿ, ಕೇತಲದೇವಿ. ಹೊಯ್ಸಳ ಎರೆಯಂಗನ ರಾಣಿ ಏಚಲದೇವಿ. ಒಂದನೆಯ ಬಲ್ಲಾಳನು ಕೈಹಿಡಿದ ಮೂವರು ಸೋದರಿಯರಲ್ಲಿ ಇಬ್ಬರು ಪದ್ಮಲ, ಚಾವಲ. ವಿಷ್ಣುವರ್ಧನನ ಶಾಂತಲದೇವಿಯಂತೂ ಸರಿಯೇ. ಇವರೆಲ್ಲರಲ್ಲಿ ಶಾಂತಲೆಯ ಹೆಸರೊಂದೇ ಇಂದಿಗೂ ತೊಟ್ಟಿಲಲ್ಲಿ ಕೇಳಿಬರುತ್ತಿದೆ. ಅದಕ್ಕೆ ಬೇಲೂರಿನ ಗುಡಿ ಎಷ್ಟು ಕಾರಣವೋ ಕೆ. ವಿ. ಅಯ್ಯರ್ ಅವರ 'ಶಾಂತಲಾ' ಕಾದಂಬರಿಯೂ ಅಷ್ಟೇ ಕಾರಣವೆಂದು ಹೇಳಬಹುದು. ಸನ್ನತಿಯ ದೇವಿಗೆ ಕಾದಂಬರಿಕಾರ ಸಿಕ್ಕಲಿಲ್ಲ.

ಬೇಲೂರಿನವರೆಗೆ ಹೋಗಬೇಕಾಗಿಯೂ ಇಲ್ಲ. ವಾಡಿಗೆ ಸಮೀಪದ ಇಂಗಳಗಿಯಲ್ಲಿ ಹನ್ನೊಂದನೆಯ ಶತಮಾನದ ಕೊನೆಯ ಭಾಗದ ಒಂದು ಶಾಸನವಿದೆ. ಆರನೆಯ ವಿಕ್ರಮಾದಿತ್ಯನ ರಾಣಿ, ಜಿನಭಕ್ತೆಯಾದ ಜಾಕಲದೇವಿಯ ಧರ್ಮಕಾರ್ಯವನ್ನು ಅದು ಹೇಳುತ್ತದೆ. ವಾಡಿಯೆಂದರೆ ಇಂದು ಸಿಮೆಂಟಿನ ಧೂಳೂ ರೈಲಿನ ಜಂಕ್ಷನ್ನೂ ನೆನಪಾಗುತ್ತವೆಯೇ ಹೊರತು ಚಾಲುಕ್ಯರ ರಾಣಿಯಲ್ಲ, ಇರಲಿ. ಜಾಕಲ ಎಂಬ ಹೆಸರನ್ನು ಬಿಡಿಸಿ ನೋಡಿರಿ. ಸಂಸ್ಕೃತದ ಯಕ್ಷ ಪ್ರಾಕೃತದಲ್ಲಿ ಜಕ್ಖ, ಕನ್ನಡದಲ್ಲಿ ಜಕ್ಕ. ಅದಕ್ಕೆ 'ಲ' ಸೇರಿದರೆ ಜಕ್ಕಲ, ಜಾಕಲ. ರಾಣಿಯ ಹೆಸರು ತದ್ಭವದಲ್ಲಿದೆ, ಶಾಸನವೂ ಅದನ್ನು ಹಾಗೆಯೇ ಬರೆದಿದೆ. ಶಾಸನಕವಿಗೆ ಸಂಸ್ಕೃತ ಬಾರದೆಂದಲ್ಲ. ಹೆಸರು ಇದ್ದದ್ದೇ ಹಾಗೆ.

ಅದೇ ವಿಕ್ರಮಾದಿತ್ಯನ ಮತ್ತೊಬ್ಬ ರಾಣಿ ನಮ್ಮ ಪ್ರಸ್ತುತಕ್ಕೆ ಇನ್ನೂ ಹತ್ತಿರದವಳು. ಕರಹಾಟದ ಶಿಲಾಹಾರರ ಮನೆಯಲ್ಲಿ ಹುಟ್ಟಿದ ಈಕೆಯನ್ನು ಶಾಸನಗಳು ಚಂದಲದೇವಿ ಎನ್ನುತ್ತವೆ. ವಿಕ್ರಮಾದಿತ್ಯನು 1076ರಿಂದ 1126ರವರೆಗೆ ಕಲ್ಯಾಣದಲ್ಲಿ ಆಳಿದ. ಅವನ ಆಸ್ಥಾನದ ವಿದ್ಯಾಪತಿ ಕಾಶ್ಮೀರದ ಬಿಲ್ಹಣ. 'ವಿಕ್ರಮಾಂಕದೇವಚರಿತ'ದಲ್ಲಿ ಬಿಲ್ಹಣನು ಈಕೆಯ ಸ್ವಯಂವರವನ್ನು ವೈಭವದಿಂದ ವರ್ಣಿಸಿದ್ದಾನೆ. ಆದರೆ ಅವನ ಕಾವ್ಯದಲ್ಲಿ ಅವಳು ಚಂದಲೆಯಲ್ಲ, ಚಂದ್ರಲೇಖೆ. ಮಹಾಕಾವ್ಯದ ಮಂಟಪದೊಳಕ್ಕೆ ಮನೆಯ ಹೆಸರಿನಲ್ಲಿ ಬಂದ ಹೆಣ್ಣಿಗೆ ಕವಿ ಬಾಗಿಲಲ್ಲಿಯೇ ಪಟ್ಟೆಸೀರೆ ಉಡಿಸಿದಂತಾಯಿತು. ಇದರ ಮುಂದಿನ ಸ್ವಾರಸ್ಯವನ್ನು ವಿದ್ಯಾರ್ಥಿಗಳು ಗಮನಿಸಬೇಕು. ಹನ್ನೆರಡನೆಯ ಶತಮಾನದ ಮಧ್ಯದಲ್ಲಿ ಕಾಶ್ಮೀರದಲ್ಲಿ ಕೂತು 'ರಾಜತರಂಗಿಣಿ'ಯನ್ನು ಬರೆದ ಕಲ್ಹಣನು, ಕಾಶ್ಮೀರದ ದೊರೆ ಹರ್ಷನು ಕರ್ಣಾಟಕದ ಅರಸ ಪರ್ಮಾಂಡಿಯ ರಾಣಿಯ ಚಿತ್ರಪಟವನ್ನು ಕಂಡು ಮರುಳಾದ ಪ್ರಸಂಗವನ್ನು ನಗುನಗುತ್ತ ಹೇಳುತ್ತಾನೆ. ಪರ್ಮಾಂಡಿಯೆಂದರೆ ಪೆರ್ಮಾಡಿ, ಅಂದರೆ ನಮ್ಮ ವಿಕ್ರಮಾದಿತ್ಯನೇ. ಅಲ್ಲಿ ಆ ರಾಣಿಯ ಹೆಸರು ಚಂದಲಾ! ಕಲ್ಯಾಣದಲ್ಲಿದ್ದು ಅವಳನ್ನು ಬಲ್ಲ ಕವಿ ಹೆಸರನ್ನು ಬದಲಿಸಿದ. ಸಾವಿರಾರು ಮೈಲಿ ಆಚೆಯ ಚರಿತ್ರಕಾರ ಜನರು ಕರೆದ ಹೆಸರನ್ನೇ ಉಳಿಸಿದ.

ಇಲ್ಲಿಂದ ಸನ್ನತಿಯ ಚಂದ್ರಲೆಯ ಕಡೆಗೆ ತಿರುಗಿದರೆ, ಆ ಹೆಸರಿನ ಮೈಕಟ್ಟು ತಿಳಿಯಾಗುತ್ತದೆ. ಚಂದಲ ಎಂಬ ಎರಕಕ್ಕೆ ಚಂದ್ರದ 'ರ'ಕಾರವನ್ನು ಮರಳಿ ಕೂಡಿಸಿ, ಮೇಲೆ 'ಅಂಬಾ' ಎಂದು ಸಂಸ್ಕೃತದ ಕಳಶವಿಟ್ಟರೆ ಚಂದ್ರಲಾಂಬಾ. ಅರ್ಧ ಊರಿನದು, ಅರ್ಧ ಪಂಡಿತರದು.

ಅದಕ್ಕೂ ಹಿಂದೆ ಹೆಂಗಸರ ಹೆಸರಿಗೆ ಬೇರೊಂದು ತೊಡುಗೆಯಿತ್ತು. ಸೇಡಂ ತಾಲ್ಲೂಕಿನ ಮಳಖೇಡ, ಕಾಗಿಣೆಯ ದಂಡೆಯ ಮಾನ್ಯಖೇಟ, ರಾಷ್ಟ್ರಕೂಟರ ರಾಜಧಾನಿಯಾಗಿದ್ದ ಕಾಲದಲ್ಲಿ ಹೆಸರುಗಳು 'ಅಬ್ಬೆ'ಯಿಂದ ಮುಗಿಯುತ್ತಿದ್ದವು. ಅಬ್ಬೆಯೆಂದರೆ ತಾಯಿ. ಪಂಪನ ತಾಯಿ ಅಬ್ಬಣಬ್ಬೆ, ದಾನಚಿಂತಾಮಣಿ ಅತ್ತಿಮಬ್ಬೆ, ಆಕೆಯ ತಂಗಿ ಗುಂಡಮಬ್ಬೆ. ನೃಪತುಂಗ ಅಮೋಘವರ್ಷನು ಗಂಗರ ಬೂತುಗನಿಗೆ ಕೊಟ್ಟ ಮಗಳು ಚಂದ್ರೋಬಲಬ್ಬೆ. ಇಲ್ಲಿ 'ರ'ಕಾರವಿದೆಯಲ್ಲ ಎಂದು ಯಾರಾದರೂ ಆಕ್ಷೇಪಿಸಬಹುದು, ಇದೆ, ನಿಜ. ಎರಡು ರೂಪಗಳೂ ನಮ್ಮಲ್ಲಿ ಅಕ್ಕಪಕ್ಕದಲ್ಲಿ ಬಾಳಿದವೆಂಬುದನ್ನು ನಾನು ಅಲ್ಲಗಳೆಯುವುದಿಲ್ಲ. ಒಂದನ್ನು ಇನ್ನೊಂದರ ತಪ್ಪೆನ್ನುವುದಕ್ಕೆ ಮಾತ್ರ ನನ್ನ ವಿರೋಧ.

'ರ'ಕಾರ ಜಾರುವ ಮಾತಿಗೆ ನಮ್ಮ ಸೀಮೆಯಲ್ಲಿ ಇನ್ನೂ ಹಳೆಯ ಸಾಕ್ಷಿಯಿದೆ. 1980ರ ದಶಕದ ಉತ್ತರಾರ್ಧದಲ್ಲಿ, ಚಂದ್ರಲಾಂಬೆಯ ಆವರಣದಲ್ಲಿಯೇ ಇರುವ ಕಾಳಿಯ ಗುಡಿಯ ಮಾಳಿಗೆ ಕುಸಿದಾಗ, ಮೂರ್ತಿಯ ಪೀಠವಾಗಿದ್ದ ಕಲ್ಲಿನಲ್ಲಿ ಅಶೋಕನ ಧರ್ಮಲಿಪಿ ಕಂಡಿತು. ಸಮೀಪದ ಕನಗನಹಳ್ಳಿಯಲ್ಲಿ 1994ರಿಂದ ನಡೆದ ಉತ್ಖನನದಲ್ಲಿ ಬೌದ್ಧ ಸ್ತೂಪವೂ, ಅಶೋಕನ ಹೆಸರು ಕೊರೆದ ಶಿಲ್ಪವೂ, ದಾನಿಗಳ ಹೆಸರುಗಳಿರುವ ಹಲವು ಬರಹಗಳೂ ದೊರೆತವು. ದಾನಿಗಳಲ್ಲಿ ಹೆಂಗಸರೂ ಇದ್ದಾರೆ. ಅವೆಲ್ಲ ಪ್ರಾಕೃತ. ಆ ಭಾಷೆಯಲ್ಲಿ ಪುತ್ರನು ಪುತನಾಗುತ್ತಾನೆ, ಚಂದ್ರನು ಚಂದನಾಗುತ್ತಾನೆ. ಭೀಮೆಯ ದಂಡೆಯ ಜನ ಎರಡು ಸಾವಿರ ವರ್ಷಗಳ ಹಿಂದೆಯೇ ಕಲ್ಲಿನಲ್ಲಿ ಓದಿ ಒಪ್ಪಿದ ಉಚ್ಚಾರಣೆಯನ್ನು ಇಂದಿನ ಗುಮಾಸ್ತರು ಗ್ರಾಮ್ಯವೆನ್ನುತ್ತಿದ್ದಾರೆ.

ಚಂದ ಎಂಬುದಕ್ಕೆ ಚೆಲುವು ಎಂಬ ಅರ್ಥವೂ ಇದೆ. ನಿಘಂಟುಗಳು ಅದನ್ನು 'ಛಂದ' ಶಬ್ದದ ಕಡೆಗೆ ಒಯ್ಯುತ್ತವೆ. ಜನರ ಕಿವಿಗೆ ಎರಡೂ ಒಂದೇ. ಮಗಳಿಗೆ ಚಂದಮ್ಮ ಎಂದು ಹೆಸರಿಟ್ಟ ತಾಯಿಯನ್ನು, ಇದು ತಿಂಗಳಿನ ಚಂದವೋ ಚೆಲುವಿನ ಚಂದವೋ ಎಂದು ಕೇಳುವುದು ವ್ಯರ್ಥ.

ಪ್ರಾಕೃತದ ಈ ಚಂದವೇ ಉತ್ತರದ ಭಾಷೆಗಳಲ್ಲಿ ದೀರ್ಘ ಪಡೆದು ಚಾಂದ್ ಆಯಿತು. ಬಿಜಾಪುರದ ಒಂದನೆಯ ಅಲಿ ಆದಿಲಶಹನ ಬೇಗಂ, 1595-96ರಲ್ಲಿ ಮೊಗಲರ ಮುತ್ತಿಗೆಯಲ್ಲಿ ಅಹಮದನಗರದ ಕೋಟೆಯನ್ನು ಕಾಯ್ದ ಚಾಂದಬೀಬಿಯ ಹೆಸರು ಇದೇ. ಶಹಾಬಾದಿನ ಫರಸಿ ಕಲ್ಲಿನ ಗಣಿಗಳ ಕಡೆಯ ಓಣಿಗಳಲ್ಲಿ ಚಾಂದಬೀ ಎಂದು ಕರೆಸಿಕೊಳ್ಳುವ ಮುದುಕಿಯರಿದ್ದಾರೆ. ಗೋಡೆಯ ಈಚೆ ಚಂದಮ್ಮ, ಆಚೆ ಚಾಂದಬೀ. ಅಮ್ಮ ಎಂಬುದು ತಾಯಿ, ಬೀ ಎಂಬುದು ಗೌರವದ ಹೆಂಗಸು. ಉಳಿದ ಭಾಗ ಒಂದೇ ಬೇರಿನದು. ಚಂದಮ್ಮನನ್ನು ಚಂದ್ರಕಲೆಯಾಗಿ ತಿದ್ದಿದಾಗ ಈ ನೆರೆಹೊರೆಯ ನಂಟೂ ಕಾಣದೆ ಹೋಗುತ್ತದೆ.

ತಿದ್ದುಪಡಿಯ ಫಲ ಬರಿಯ ಭಾಷಾಶಾಸ್ತ್ರದ ನಷ್ಟವಷ್ಟೇ ಅಲ್ಲ. ಕೆಲವು ವರ್ಷಗಳ ಹಿಂದೆ ಒಬ್ಬ ವಿದ್ಯಾರ್ಥಿನಿ ನನ್ನ ಬಳಿ ಬಂದಳು. ತಾಯಿಯ ಆಧಾರ್ ಚೀಟಿಯಲ್ಲಿ, ರೇಷನ್ ಕಾರ್ಡಿನಲ್ಲಿ ಚಂದಮ್ಮ ಎಂದಿದೆ. ಇವಳ ಅಂಕಪಟ್ಟಿಯಲ್ಲಿ ತಾಯಿಯ ಹೆಸರು ಚಂದ್ರಕಲಾ. ಶಾಲೆಗೆ ಸೇರಿಸುವ ದಿನ ಬರೆದುಕೊಂಡವರು ಹೆಸರನ್ನು 'ಸುಧಾರಿಸಿದ್ದರು'. ವಿದ್ಯಾರ್ಥಿವೇತನದ ಅರ್ಜಿ ಅದೇ ಕಾರಣಕ್ಕೆ ನಿಂತಿತ್ತು. ಪ್ರಮಾಣಪತ್ರ ಮಾಡಿಸಿ ತಾಯಿಯ ಹೆಸರನ್ನೇ ಚಂದ್ರಕಲಾ ಎಂದು ಬದಲಿಸಿಬಿಡಿರಿ, ಅದೇ ಸುಲಭ ಎಂದು ಒಂದು ಕಚೇರಿಯಲ್ಲಿ ಸಲಹೆ ಕೊಟ್ಟಿದ್ದರಂತೆ. "ಸರ್, ಎರಡರಾಗ ಖರೇ ಹೆಸರು ಯಾವ್ದರಿ?" ಎಂದು ಅವಳು ಕೇಳಿದಳು. ಮರುವಾರ ತಾಯಿಯೂ ಬಂದರು. ಅವರ ಮಾತು ಚಿಕ್ಕದು: "ನಮ್ಮ ಸೋದರತ್ತಿ ತೊಟ್ಟಿಲದಾಗ ಹಾಕಿ ಕಿವ್ಯಾಗ ಕುರ್ರ್ ಅಂದು ಇಟ್ಟ ಹೆಸರರಿ ಇದು. ಆಕಿ ಸತ್ತ ಮ್ಯಾಲ ನಾ ಹ್ಯಾಂಗ ಬದಲಿ ಮಾಡಲಿ?" ಐದು ತಿಂಗಳ ಓಡಾಟದ ಮೇಲೆ ಅಂಕಪಟ್ಟಿಯಲ್ಲಿ ಚಂದಮ್ಮ ಎಂದಾಯಿತು. ಅಷ್ಟರಲ್ಲಿ ಆ ವರ್ಷದ ವೇತನದ ಅವಧಿ ಮುಗಿದಿತ್ತು.

ಚಿಂಚೋಳಿಯ ಕಡೆಗೆ ಹೋದರೆ ತೆಲುಗಿನ ಗಾಳಿ ಬೀಸುತ್ತದೆ. ಅಲ್ಲಿ ಚಂದ್ರಂಪಳ್ಳಿಯ ಜಲಾಶಯವಿದೆ. ಊರಿನ ಹೆಸರಿನಲ್ಲಿ 'ರ'ಕಾರ ಗಟ್ಟಿಯಾಗಿ ನಿಂತಿದೆ. ಹೆಂಗಸರಲ್ಲಿಯೂ ಚಂದ್ರಮ್ಮನೆಂಬ ಹೆಸರನ್ನು ಕೇಳಬಹುದು. ಆದರೆ ಸಂಜೆ ಅಂಗಳದಲ್ಲಿ ಕೂಸಿಗೆ ತುತ್ತು ಉಣಿಸುವಾಗ ಆಕಾಶದತ್ತ ಬೆರಳು ತೋರಿಸಿ ತೆಲುಗಿನ ತಾಯಿ ಕರೆಯುವುದೂ ಕನ್ನಡದ ತಾಯಿ ಕರೆಯುವುದೂ ಚಂದಮಾಮ ಎಂದೇ. ಅದೇ ಹೆಸರಿನ ಮಕ್ಕಳ ಮಾಸಪತ್ರಿಕೆ 1947ರಲ್ಲಿ ತೆಲುಗಿನಲ್ಲಿ ಹುಟ್ಟಿ, ಎರಡು ವರ್ಷಗಳಲ್ಲಿ ಕನ್ನಡಕ್ಕೂ ಬಂದು, ನಮ್ಮ ತಲೆಮಾರಿಗೆ ಓದಿನ ರುಚಿ ಹತ್ತಿಸಿತು. ಅದನ್ನು ಚಂದ್ರಮಾಮ ಎಂದು ತಿದ್ದಿದ ಮೇಷ್ಟ್ರನ್ನು ನಾನು ಈವರೆಗೆ ಕಂಡಿಲ್ಲ.