ಚಿತ್ರಸುರುಳಿಗಳನ್ನು ಅರಸಿ ಲಕ್ಷ ಮೈಲಿ

ಚಲಚ್ಚಿತ್ರವೆಂದೊಡನೆ ನಟರೂ ಛಾಯಾಗ್ರಾಹಕರೂ ನಮ್ಮ ನೆನಪಿಗೆ ಬರುವರು. ಅನ್ಯರು ಹಿಂದೆಂದೋ ತೆಗೆದಿಟ್ಟ ಸುರುಳಿಗಳನ್ನು ಅರಸಿ ತಂದು ಹೊಸ ಚಿತ್ರಕ್ಕೆ ಒದಗಿಸುವವನ ಹೆಸರನ್ನು ನಾವು ಕೇಳುವುದೇ ಅಪರೂಪ. ಆತನ ಶ್ರಮವನ್ನು ವಾಚಕರು ಅರಿಯಲೆಂದು ಒಂದು ನಿದರ್ಶನವನ್ನು ಇಲ್ಲಿ ಕೊಡುತ್ತೇವೆ.

ಮಹಾತ್ಮಾ ಗಾಂಧಿಯವರ ಜೀವನವನ್ನು ಜನರಿಗೆ ತೆರೆಯ ಮೇಲೆ ತೋರಿಸಬೇಕೆಂಬ ಹಂಬಲವು ತಮಿಳು ಪತ್ರಕರ್ತ ಎ. ಕೆ. ಚೆಟ್ಟಿಯಾರರಿಗೆ 1937ರಲ್ಲಿ ಹುಟ್ಟಿತು. ಗಾಂಧಿಯವರನ್ನು ಕುರಿತ ಸುರುಳಿಗಳು ದೇಶದೇಶಗಳಲ್ಲಿ ಚದರಿಹೋಗಿದ್ದವು. ಚೆಟ್ಟಿಯಾರರು ಲಕ್ಷ ಮೈಲಿಗಳಷ್ಟು ಸಂಚರಿಸಿ ಸುಮಾರು 50,000 ಅಡಿಗಳನ್ನು ಕೂಡಿಹಾಕಿದರು. ಅದರಲ್ಲಿ 12,000 ಅಡಿಗಳನ್ನು ಮಾತ್ರ ಆಯ್ದು ಜೋಡಿಸಿ, 1940ರಲ್ಲಿ ಚಿತ್ರವನ್ನು ಹೊರತಂದರು. ಕಾಳನ್ನು ಕೇರಿ ಆರಿಸುವ ಗೃಹಿಣಿಗೆ ಈ ಕೆಲಸದ ಕಷ್ಟವು ತಿಳಿಯದೆ ಇರದು.

ವಿಧಿಯ ವೈಚಿತ್ರ್ಯವನ್ನು ನೋಡಿರಿ! ಹೀಗೆ ಅರಸಿ ಮಾಡಿದ ಚಿತ್ರವೇ ಮುಂದೆ ಕಣ್ಮರೆಯಾಯಿತು. ದಶಕಗಳ ತರುವಾಯ ಇತಿಹಾಸಕಾರ ಎ. ಆರ್. ವೆಂಕಟಾಚಲಪತಿಯವರು ಬೆನ್ನುಹತ್ತಿ ಹುಡುಕಲು, ಅದರ 1953ರ ಸಂಕ್ಷಿಪ್ತ ಇಂಗ್ಲಿಷ್ ರೂಪವು ಅಮೆರಿಕದ ವಿಶ್ವವಿದ್ಯಾಲಯವೊಂದರಲ್ಲಿ ದೊರೆಯಿತು.

ಒಮ್ಮೆ ತೆಗೆದ ಚಿತ್ರವು ಶಾಶ್ವತವೆಂದು ನಾವು ನಂಬಿರುವೆವು. ಜೋಪಾನವಾಗಿ ಕಾಪಾಡಿ, ಅದರಲ್ಲಿ ಏನಿದೆಯೆಂಬುದನ್ನೂ ಎಲ್ಲಿದೆಯೆಂಬುದನ್ನೂ ಬರೆದಿಟ್ಟರೆ ಮಾತ್ರವೇ ಅದು ಮೊಮ್ಮಕ್ಕಳ ಕಣ್ಣಿಗೆ ಬೀಳುವುದು.